ಐದು ಲೀಟರ್ ಚಿಪ್ಪು, ಎರಡು ಮಿಲಿಮೀಟರ್ ಜರಡಿ

ಮೊದಲ ದಿನ ನನಗೆ ಕೊಟ್ಟದ್ದು ಒಂದು ಕರಣೆ, ಒಂದು ಬಕೆಟ್, ಮಂಡಿ ಕೆಳಗೆ ಹಾಕಿಕೊಳ್ಳಲು ಸ್ಪಂಜಿನ ತುಂಡು. ಡೆನ್ಮಾರ್ಕಿನ ಉತ್ತರದಲ್ಲಿ ಲಿಮ್‌ಫ್ಯೋರ್ಡ್ ಅಂತ ಒಂದು ಉದ್ದನೆಯ ಕಡಲತೋಳು ಇದೆ. ಅದರ ದಂಡೆಯ ಹೊಲವೊಂದರಲ್ಲಿ ನಮ್ಮ ಅಗೆತ. ಮೇಲೆ ಒಂದು ಗೇಣು ಕಪ್ಪು ಮಣ್ಣು, ಅದರ ಕೆಳಗೆ ಬರೀ ಚಿಪ್ಪು. ಮಣ್ಣಿನ ನಡುವೆ ಚಿಪ್ಪಲ್ಲ, ಚಿಪ್ಪಿನ ನಡುವೆ ಅಲ್ಲಲ್ಲಿ ಚೂರು ಮಣ್ಣು. ಕರಣೆ ತಾಗಿದರೆ ಕರಕರ ಸದ್ದು. ಅಘನಾಶಿನಿ ಅಳಿವೆಯ ಪಕ್ಕ ಬೆಳೆದ ನನಗೆ ಆ ಸದ್ದು ಹೊಸದಲ್ಲ. ಹಿತ್ತಲಲ್ಲಿ ತೆಂಗಿನ ಬುಡಕ್ಕೆ ಸುರಿದ ಚಿಪ್ಪಿನ ಮೇಲೆ ಬರಿಗಾಲಲ್ಲಿ ಓಡಿ ಕಾಲು ಕೊಯ್ದುಕೊಂಡವನು ನಾನು. ಇಲ್ಲಿನ ಚಿಪ್ಪಿಗೆ ಆರು ಸಾವಿರ ವರ್ಷ ವಯಸ್ಸು, ಅಷ್ಟೇ ವ್ಯತ್ಯಾಸ.

ಪುರಾತತ್ವ ಓದಲು ಹೋಗಿ ಇಂಥ ರಾಶಿಗೆ ಗಂಟು ಬಿದ್ದೆ. ಡೇನಿಶ್ ಭಾಷೆಯಲ್ಲಿ ಇದರ ಹೆಸರಿಗೆ ಅಡುಗೆಮನೆ ತಿಪ್ಪೆ ಅಂತಲೇ ಅರ್ಥ. ಬೇಸಾಯ ಗೊತ್ತಿಲ್ಲದ, ಬೇಟೆ ಆಡಿ, ಮೀನು ಹಿಡಿದು, ಕಲ್ವ (ಆಯ್‌ಸ್ಟರ್ ಎಂಬ ಕಡಲ ಚಿಪ್ಪುಜೀವಿ) ಆಯ್ದು ಬದುಕಿದ ಜನ ತಿಂದು ಎಸೆದ ಚಿಪ್ಪು. ಎರ್ಟೆಬೊಲ್ಲೆ ಅನ್ನುವ ಊರಿನ ರಾಶಿ ಇವುಗಳಲ್ಲೆಲ್ಲ ಹೆಸರುವಾಸಿ. ಸುಮಾರು 140 ಮೀಟರ್ ಉದ್ದ, 20 ಮೀಟರ್ ಅಗಲ, ಕೆಲವು ಕಡೆ ಆಳು ಎತ್ತರ. ಆ ಜನರ ಇಡೀ ಕಾಲಕ್ಕೇ, ಅಂದರೆ ಕ್ರಿ.ಪೂ. 5400ರಿಂದ 3950ರವರೆಗಿನ ಕಾಲಕ್ಕೆ, ಆ ಊರಿನ ಹೆಸರೇ ನಿಂತಿದೆ.

ಇದು ಮನುಷ್ಯರ ಕೆಲಸ ಅಂತ ಒಪ್ಪಿಕೊಳ್ಳುವುದಕ್ಕೇ ಮೊದಲು ಜಗಳ ಬೇಕಾಯಿತು. 1848ರಲ್ಲಿ ಒಂದು ಸಮಿತಿ ಮಾಡಿದರು: ಭೂವಿಜ್ಞಾನಿ ಫೋರ್ಕ್‌ಹ್ಯಾಮರ್, ಪ್ರಾಣಿವಿಜ್ಞಾನಿ ಸ್ಟೀನ್‌ಸ್ಟ್ರಪ್, ಪುರಾತತ್ವದ ವೊರ್ಸೋ. ಕಡಲೇ ಎಸೆದ ಚಿಪ್ಪೋ, ಜನ ಎಸೆದದ್ದೋ? 1850ರಲ್ಲಿ ಮೈಲ್‌ಗೋರ್ ಎಂಬಲ್ಲಿ ರಸ್ತೆಗೆ ಹಾಕಲು ಚಿಪ್ಪು ಅಗೆಯುತ್ತಿದ್ದಾಗ ಒಂದು ದೊಡ್ಡ ರಾಶಿ ಬಯಲಾಯಿತು. ನಮ್ಮ ಕಡೆ ಸುಣ್ಣಕ್ಕೆ ಅಗೆದ ಹಾಗೆ ಅನ್ನಿ. ಕಡಲು ಎಸೆದಿದ್ದರೆ ಮರಿ, ದೊಡ್ಡದು ಎಲ್ಲ ಬೆರೆತಿರಬೇಕಿತ್ತು. ಅಲ್ಲಿ ಇದ್ದದ್ದು ತಿನ್ನುವಷ್ಟು ಬಲಿತ ಚಿಪ್ಪು ಮಾತ್ರ. ಜೊತೆಗೆ ಇದ್ದಿಲು, ಚಕಮಕಿ ಕಲ್ಲಿನ ಚಕ್ಕೆ, ಸೀಳಿದ ಮೂಳೆ.

ಸ್ಟೀನ್‌ಸ್ಟ್ರಪ್ ಮಾಡಿದ ಇನ್ನೊಂದು ಕೆಲಸ ನನಗೆ ಬಹಳ ಇಷ್ಟ. ರಾಶಿಯಲ್ಲಿ ಹಕ್ಕಿ ಮೂಳೆಗಳ ನಡುಭಾಗ ಸಿಗುತ್ತಿತ್ತು, ತುದಿಗಳು ಸಿಗುತ್ತಿರಲಿಲ್ಲ. ಅವನು ನಾಯಿಗಳನ್ನು ಕೂಡಿಹಾಕಿ ಹಕ್ಕಿ ಮೂಳೆ ಹಾಕಿದ. ನಾಯಿ ತಿಂದು ಬಿಟ್ಟದ್ದೂ ರಾಶಿಯಲ್ಲಿ ಉಳಿದದ್ದೂ ಒಂದೇ. ಹಾಗಾಗಿ ಆ ಜನರ ಹತ್ತಿರ ನಾಯಿ ಇತ್ತು ಅಂದ. ಹತ್ತೊಂಬತ್ತನೇ ಶತಮಾನದಲ್ಲಿ ಇಷ್ಟು ಸರಳವಾಗಿ ಯೋಚಿಸಿದ್ದಾನಲ್ಲ!

ಇನ್ನು ನನ್ನ ಕೆಲಸ. ರಾಶಿಯನ್ನು ಪೂರ್ತಿ ಅಗೆಯುವುದು ಆಗದ ಮಾತು. ಅದಕ್ಕೆ ಕಡಿದ ಗೋಡೆಯಲ್ಲಿ ಒಂದು ಕಂಬದಷ್ಟು ಜಾಗ ಗುರುತು ಮಾಡಿ, ಮೇಲಿನಿಂದ ಕೆಳಗೆ ಪದರ ಪದರವಾಗಿ ತೆಗೆಯುತ್ತೇವೆ. ಒಂದೊಂದು ಪದರದ್ದು ಐದು ಲೀಟರ್, ಒಂದೊಂದು ಚೀಲ. ಚೀಲದೊಳಗೆ ಒಂದು ಚೀಟಿ, ಹೊರಗೆ ಒಂದು. ಒಳಗಿನದು ನೀರಿಗೆ ಕರಗದ ಕಾಗದ ಆಗಿರಬೇಕು. ಆಮೇಲೆ ಹೊಲದ ಅಂಚಿನಲ್ಲೇ ಪೈಪು ಹಿಡಿದು ಜರಡಿ. ಮೇಲೆ ನಾಲ್ಕು ಮಿಲಿಮೀಟರ್ ಕಣ್ಣಿನದು, ಕೆಳಗೆ ಎರಡರದ್ದು.

ನಾನು ಎಡವಿದ್ದು ಇಲ್ಲಿಯೇ. ಮೊದಲ ಮೂರು ಚೀಲಕ್ಕೆ ಕೆಳಗಿನ ಜರಡಿ ಇಡಲೇ ಇಲ್ಲ. ಗಾಳಿ, ಚಳಿ, ಕೈ ಮರಗಟ್ಟಿತ್ತು. ಮೇಲಿನ ಜರಡಿಯಲ್ಲಿ ಚಿಪ್ಪು ಬೆಳ್ಳಗೆ ತೊಳೆದು ನಿಂತದ್ದು ನೋಡಿ ಖುಷಿಯಾಯಿತು. ಕೆಳಗೆ ಹರಿದದ್ದು ಬರೀ ಕೆಸರು ಅಂದುಕೊಂಡು ಹುಲ್ಲಿನ ಮೇಲೆ ಚೆಲ್ಲಿದೆ. ನಾಲ್ಕನೇ ಚೀಲದ ಹೊತ್ತಿಗೆ ಜೊತೆಯವಳು ಬಂದು, "ಇನ್ನೊಂದು ಜರಡಿ ಎಲ್ಲಿ?" ಅಂದಳು. ಆಗ ಇಟ್ಟೆ. ಏನು ಕಳೆದುಕೊಂಡೆ ಅನ್ನುವುದು ಆವತ್ತು ಗೊತ್ತಾಗಲಿಲ್ಲ.

ಗೊತ್ತಾಗಿದ್ದು ಚಳಿಗಾಲದಲ್ಲಿ, ಲ್ಯಾಬಿನಲ್ಲಿ ಚಿಮಟ ಹಿಡಿದು ಕೂತಾಗ. ಟ್ರೇ ಮೇಲೆ ಒಂದು ಹಿಡಿ ಹರಡಬೇಕು. ಚಿಪ್ಪು ಒಂದು ಕಡೆ, ಇದ್ದಿಲು ಒಂದು ಕಡೆ, ಕಲ್ಲು, ಮೂಳೆ. ಎರಡು ಮಿಲಿಮೀಟರ್ ಜರಡಿಯ ಮೇಲೆ ಉಳಿದದ್ದರಲ್ಲಿ ಕಂದು ಬಣ್ಣದ ಚಿಕ್ಕ ಚಿಕ್ಕ ಡಮರುಗಳು ಕಾಣಿಸತೊಡಗಿದವು. ಸಾಸಿವೆಗಿಂತ ಸ್ವಲ್ಪ ದೊಡ್ಡವು, ನಡು ಸಣ್ಣ, ಎರಡು ಕಡೆಯೂ ಬಟ್ಟಲಿನಂತೆ ತಗ್ಗು. ಮೀನಿನ ಬೆನ್ನುಮೂಳೆಯ ಮಣಿಗಳು. ಹೆಚ್ಚಿನವು ಹಾವುಮೀನಿನವು. ಒಂದೊಂದನ್ನೂ ಭೂತಗನ್ನಡಿಯ ಕೆಳಗೆ ತಿರುಗಿಸಿ, ಮ್ಯೂಸಿಯಂನ ಮಾದರಿ ಮೂಳೆಗಳ ಪಕ್ಕ ಇಟ್ಟು ನೋಡಬೇಕು. ದಿನಕ್ಕೆ ಅರ್ಧ ಟ್ರೇ ಮುಗಿದರೆ ಪುಣ್ಯ. ನಾಲ್ಕನೇ ಚೀಲದಿಂದ ಆಚೆ ಎಲ್ಲದರಲ್ಲೂ ಮೀನು. ಮೊದಲ ಮೂರರಲ್ಲಿ ಒಂದೂ ಇಲ್ಲ. ನನ್ನ ಟೇಬಲ್ ನೋಡಿದವರು ಆ ಜನ ಕೊನೆಕೊನೆಗೆ ಮೀನು ತಿನ್ನುವುದನ್ನೇ ಬಿಟ್ಟರು ಅಂದುಕೊಳ್ಳಬೇಕು! ಬಿಟ್ಟವರು ಅವರಲ್ಲ, ನಾನು.

ಎರ್ಟೆಬೊಲ್ಲೆಯಲ್ಲೂ ಜರಡಿಯ ಮಹಿಮೆ ದೊಡ್ಡದೇ. 1893ರಿಂದ 1897ರವರೆಗೆ ಒಮ್ಮೆ ಅಗೆದಿದ್ದ ರಾಶಿಯನ್ನು 1979ರಿಂದ ಮತ್ತೆ ಅಗೆದರು. ಸಣ್ಣ ಮೂಳೆಗಳನ್ನೂ ಜೋಪಾನ ಮಾಡಿದ್ದರಿಂದ ಒಂದು ವಿಚಿತ್ರ ಬೆಳಕಿಗೆ ಬಂತು. ಕಡಲ ದಂಡೆಯಲ್ಲಿ ಕೂತ ಆ ಜನ ಹೆಚ್ಚಾಗಿ ಹಿಡಿದದ್ದು ಸಿಹಿನೀರಿನ ಮೀನು, ನಮ್ಮ ಕೆರೆಯ ಗೆಂಡೆಯ ಬಳಗದ್ದು. ಅದರ ಜೊತೆ ಹಾವುಮೀನು.

ಹಾಗಾದರೆ ಅಷ್ಟೊಂದು ಚಿಪ್ಪು? ಚಿಪ್ಪು ಕಣ್ಣಿಗೆ ಮೋಸ ಮಾಡುತ್ತೆ. ತಿನ್ನುವ ಭಾಗ ಒಂದು ತುತ್ತು, ಎಸೆಯುವ ಭಾಗ ಬೊಗಸೆ. ಜೆಫ್ ಬೈಲಿ ಎಂಬ ಬ್ರಿಟಿಷ್ ಪುರಾತತ್ವಜ್ಞ 1970ರ ದಶಕದಲ್ಲಿ ಲೆಕ್ಕ ಹಾಕಿದ: ಒಂದು ಕೆಂಪು ಜಿಂಕೆಯಿಂದ ಸಿಗುವ ಆಹಾರಕ್ಕೆ ಸಮ ಆಗಬೇಕಾದರೆ 52,267 ಕಲ್ವ ಬೇಕು. ಆ 267 ನೋಡಿ ನನಗೆ ಈಗಲೂ ನಗು ಬರುತ್ತೆ. ಆದರೆ ಮಾತು ನಿಜ. ಜಿಂಕೆ ತಿಂದರೆ ಉಳಿಯುವುದು ನಾಲ್ಕು ಮೂಳೆ, ಕಲ್ವ ತಿಂದರೆ ಗುಡ್ಡ. ಆ ನಾಲ್ಕು ಮೂಳೆ ಉಳಿಯುವುದೂ ಚಿಪ್ಪಿನ ದಯೆಯಿಂದಲೇ. ಚಿಪ್ಪಿನ ಸುಣ್ಣ ಮಣ್ಣಿನ ಹುಳಿಯನ್ನು ತಡೆಯುತ್ತೆ, ಇಲ್ಲದಿದ್ದರೆ ಮೂಳೆ ಯಾವತ್ತೋ ಕರಗಿ ಹೋಗುತ್ತಿತ್ತು.

ಚಿಪ್ಪು ಎಣಿಸುವುದಕ್ಕೂ ಒಂದು ಕ್ರಮ ಇದೆ. ಒಡೆದ ಚೂರನ್ನೆಲ್ಲ ಎಣಿಸುತ್ತಾ ಕೂತರೆ ಮುಗಿಯುವುದಿಲ್ಲ. ಕೀಲು ಇರುವ ತುಂಡು ಮಾತ್ರ ಲೆಕ್ಕ. ಕಲ್ವದ ಎಡ ಚಿಪ್ಪು ಬಟ್ಟಲಿನ ಹಾಗೆ, ಬಲದ್ದು ಚಪ್ಪಟೆ. ಎರಡನ್ನೂ ಬೇರೆ ಬೇರೆ ಎಣಿಸಿ, ಯಾವುದು ಜಾಸ್ತಿಯೋ ಕಡಿಮೆಯೆಂದರೂ ಅಷ್ಟು ಕಲ್ವ ತಿಂದಿದ್ದಾರೆ ಅಂತ ಬರೆಯುವುದು. ಇದನ್ನು ಒಂದು ಭಾನುವಾರ ಫೋನಿನಲ್ಲಿ ಅಮ್ಮನಿಗೆ ವಿವರಿಸುತ್ತಿದ್ದೆ.

"ಎರಡೂ ಸರಿಸಮ ಸಿಗ್ತಾ?" ಅಂತ ಕೇಳಿದಳು.

"ಹೆಚ್ಚು ಕಡಿಮೆ."

"ಹಾಗಾದ್ರೆ ಬಂಡೆ ಕಲ್ವ ಅಲ್ಲ ಅದು. ಬಂಡೆದಾದ್ರೆ ಕೆಳಗಿನ ಚಿಪ್ಪು ಅಲ್ಲೇ ಕೂತಿರ್ತದೆ, ಮೇಲಿಂದು ಒಡೆದು ಮಾಂಸ ತರೋದು."

ನಾನು ಪೆನ್ನು ಹುಡುಕಿದೆ. ಅಲ್ಲಿನ ಕಲ್ವ ಬೇರೆ ಜಾತಿ. ಕಡಲ ತಳದ ಮೇಲೆ ಸಡಿಲವಾಗಿ ಮಲಗಿರುತ್ತೆ, ಇಡಿಯಾಗಿ ಎತ್ತಿ ತರಬಹುದು. ಇದು ಪುಸ್ತಕದಲ್ಲಿ ಇತ್ತು, ಓದಿಯೂ ಇದ್ದೆ. ಎಡ-ಬಲದ ಲೆಕ್ಕಕ್ಕೂ ಅದಕ್ಕೂ ಸಂಬಂಧ ಇದೆ ಅಂತ ಹೊಳೆದಿರಲಿಲ್ಲ, ಅಷ್ಟೆ. ವರದಿಯಲ್ಲಿ ಆ ಒಂದು ಪ್ಯಾರಾ ಅಮ್ಮನದು.

ವಯಸ್ಸು ಕಟ್ಟುವಾಗಲೂ ಚಿಪ್ಪನ್ನು ಸುಮ್ನೆ ನಂಬುವ ಹಾಗಿಲ್ಲ. ಕಡಲ ನೀರಿನಲ್ಲಿ ಹಳೆಯ ಇಂಗಾಲ ಇರುತ್ತೆ. ಅದರಲ್ಲಿ ಬೆಳೆದ ಚಿಪ್ಪನ್ನು ರೇಡಿಯೋಕಾರ್ಬನ್ ಪರೀಕ್ಷೆಗೆ ಕೊಟ್ಟರೆ ಇರುವುದಕ್ಕಿಂತ ಸುಮಾರು 400 ವರ್ಷ ಮುದಿ ಅಂತ ಬರುತ್ತೆ. ಅದಕ್ಕೇ ನಾವು ಸುಟ್ಟ ಹೇಜಲ್ (ಅಲ್ಲಿನ ಒಂದು ಕಾಡು ಗಿಡ) ಕಾಯಿ ಸಿಪ್ಪೆ ಹುಡುಕುತ್ತಿದ್ದೆವು. ಒಂದೇ ವರ್ಷ ಬೆಳೆದದ್ದು, ನೆಲದ ಮೇಲಿನದು, ಕಿರಿಕಿರಿ ಇಲ್ಲ.

ಇಂಥ ರಾಶಿಗಳಲ್ಲಿ ಮೇಲಿನ ಪದರಕ್ಕೆ ಬಂದರೆ ಚಿತ್ರ ಬದಲಾಗುತ್ತೆ. ಕಲ್ವ ಕಡಿಮೆಯಾಗಿ, ಕಾಕಲ್ ಎಂಬ ಗುಂಡನೆಯ ಗೆರೆಗೆರೆ ಚಿಪ್ಪು ಜಾಸ್ತಿ. ಕ್ರಿ.ಪೂ. 3950ರ ಆಸುಪಾಸು ಅದು. ಬೇಸಾಯ, ದನಕರು ಅಲ್ಲಿಗೆ ಬಂದದ್ದೂ ಅದೇ ಹೊತ್ತಿಗೆ. ನೀರಿನ ಉಪ್ಪು ಕಡಿಮೆಯಾಯಿತು ಅನ್ನುವವರಿದ್ದಾರೆ, ಹೂಳು ತುಂಬಿ ಕಲ್ವ ಸತ್ತಿತು ಅನ್ನುವವರೂ ಇದ್ದಾರೆ. ನನಗೆ ಹೂಳಿನ ಮಾತೇ ಸರಿ ಅನಿಸುತ್ತೆ. ನಮ್ಮ ಅಳಿವೆಯಲ್ಲಿ ಕೆಸರು ಕೂತ ಕಡೆ ಏನಾಗುತ್ತೆ ಅಂತ ನೋಡಿದವನು ನಾನು. ಇದು ಸಾಕ್ಷಿ ಅಲ್ಲ ಅಂತ ನನ್ನ ಗೈಡ್ ಪೆನ್ಸಿಲ್‌ನಲ್ಲಿ ಗೀಟು ಹಾಕಿದರು.

ನನ್ನ ಕಂಬದಲ್ಲಿ ಆ ಬದಲಾವಣೆ ಇದ್ದದ್ದು ಸರಿಯಾಗಿ ಮೊದಲ ಮೂರು ಚೀಲದಲ್ಲಿ. ಹೊಸ ಕಾಲ ಬಂದ ಮೇಲೆ ಮೀನು ಹಿಡಿಯುವುದು ಕಡಿಮೆಯಾಯಿತೋ ಇಲ್ಲವೋ ಅನ್ನುವ ಪ್ರಶ್ನೆಗೆ ಉತ್ತರ ಇರಬಹುದಾಗಿದ್ದ ಮೂರು ಚೀಲ. ಟೇಬಲ್ಲಿನಲ್ಲಿ ಆ ಮೂರು ಸಾಲಿನ ಮುಂದೆ ನಕ್ಷತ್ರ ಹಾಕಿ, ಕೆಳಗೆ 'ನಾಲ್ಕು ಮಿ.ಮೀ. ಜರಡಿ ಮಾತ್ರ' ಅಂತ ಬರೆದಿದ್ದೇನೆ. ಮುಂದಿನ ಬೇಸಿಗೆಯಲ್ಲಿ ಅದೇ ಹೊಲಕ್ಕೆ ಹೋದಾಗ, ನಾನು ಕೆಸರು ಚೆಲ್ಲಿದ್ದ ಜಾಗ ಹುಡುಕಿದೆ. ಗುಂಡಿ ಮುಚ್ಚಿದ್ದರು. ಆ ಮೂಲೆಯಲ್ಲಿ ಹುಲ್ಲು ಉಳಿದ ಕಡೆಗಿಂತ ದಟ್ಟವಾಗಿತ್ತು, ಎರಡು ದನ ಮೇಯುತ್ತಿದ್ದವು.