ಸ್ಯಾಕ್ರಮೆಂಟೊಗೆ ಹೊಸದಾಗಿ ಬಂದವರಿಗೆ: ಕಿಂಗ್ಸ್ ಆಟದ ದಿನ ಏನು ಮಾಡಬೇಕು

ಸ್ಯಾಕ್ರಮೆಂಟೊ ಕಡೆಗೆ ಕೆಲಸದ ಮೇಲೆ ಬಂದಿಳಿದ ಕನ್ನಡಿಗರು ಮೊದಲ ತಿಂಗಳು ಕೇಳುವ ಪ್ರಶ್ನೆಗಳು ಹೆಚ್ಚು ಕಡಿಮೆ ಒಂದೇ. ಯಾವ ಶಾಲೆಯ ಹತ್ತಿರ ಮನೆ ಹಿಡಿಯಬೇಕು, ಸೋನಾಮಸೂರಿ ಎಲ್ಲಿ ಸಿಗುತ್ತದೆ, ಡ್ರೈವಿಂಗ್ ಪರೀಕ್ಷೆಗೆ ಯಾವ ಕಚೇರಿ ವಾಸಿ. ಇವಕ್ಕೆ ಉತ್ತರ ಹೇಳುವವರು ಫೋಲ್ಸಮ್, ರೋಸ್‌ವಿಲ್, ನಟೋಮಸ್ ಎಲ್ಲ ಕಡೆಯೂ ಬೇಕಾದಷ್ಟು ಇದ್ದಾರೆ. ಯಾರೂ ಕೇಳದಿದ್ದರೂ ನಾನಾಗಿಯೇ ಹೇಳುವ ಮಾತು ಒಂದಿದೆ: ಅಕ್ಟೋಬರ್ ಮತ್ತು ಏಪ್ರಿಲ್ ನಡುವೆ ಒಂದು ಸಂಜೆಯಾದರೂ ಬಿಡುವು ಮಾಡಿಕೊಂಡು ಗೋಲ್ಡನ್ ಒನ್ ಸೆಂಟರ್‌ಗೆ ಹೋಗಿ ಕಿಂಗ್ಸ್ ತಂಡದ ಬ್ಯಾಸ್ಕೆಟ್‌ಬಾಲ್ ನೋಡಿ. ಆಟದ ನಿಯಮ ಗೊತ್ತಿಲ್ಲದಿದ್ದರೆ ಚಿಂತೆ ಬೇಡ. ಅಂಗಳದ ಜೊತೆಗೆ ಪ್ರೇಕ್ಷಕರನ್ನೂ ನೋಡಿ. ಈ ಊರಿನಲ್ಲಿ ಬ್ಯಾಸ್ಕೆಟ್‌ಬಾಲ್‌ಗೆ ಒಂದು ರೂಪ ಬಂದದ್ದು ಅವರ ರೂಢಿಗಳಿಂದ. ತಂಡ ಊರು ಬಿಟ್ಟು ಹೋಗದೆ ಉಳಿದದ್ದರಲ್ಲೂ ಅವರ ಪಾಲು ದೊಡ್ಡದು.

ಟಿಕೆಟ್ ವಿಷಯ ಮೊದಲು ಮುಗಿಸಿಬಿಡುತ್ತೇನೆ. ಅಮೆರಿಕದ ವೃತ್ತಿಪರ ಬ್ಯಾಸ್ಕೆಟ್‌ಬಾಲ್ ಲೀಗ್ ಆದ ಎನ್‌ಬಿಎಯಲ್ಲಿ ಪ್ರತಿ ತಂಡವೂ ಒಂದು ಸೀಸನ್ನಿನಲ್ಲಿ 82 ಪಂದ್ಯ ಆಡುತ್ತದೆ, ಅವುಗಳಲ್ಲಿ ಸುಮಾರು ಅರ್ಧ ತವರಿನಲ್ಲಿ. ಲಾಸ್ ಏಂಜಲೀಸ್‌ನ ಲೇಕರ್ಸ್ ಅಥವಾ ಸ್ಯಾನ್ ಫ್ರಾನ್ಸಿಸ್ಕೊದ ವಾರಿಯರ್ಸ್ ಬರುವ ದಿನ ಬೆಲೆ ಆಕಾಶಕ್ಕೇರುತ್ತದೆ, ಜೊತೆಗೆ ಅರ್ಧ ಕ್ರೀಡಾಂಗಣ ಎದುರಾಳಿಗಳ ಅಂಗಿ ತೊಟ್ಟವರಿಂದ ತುಂಬಿರುತ್ತದೆ. ಮೊದಲ ಸಲಕ್ಕೆ ಅಂಥ ದಿನ ಬೇಡ. ವಾರದ ಮಧ್ಯದ, ಅಷ್ಟೇನೂ ಹೆಸರಿಲ್ಲದ ತಂಡದ ವಿರುದ್ಧದ ಆಟ ಆರಿಸಿ. ಮೇಲಿನ ಅಂತಸ್ತಿನ ಸೀಟು ಸಾಕು, ಆಟದ ಚಲನೆ ಪೂರ್ತಿ ಕಾಣುವುದು ಅಲ್ಲಿಂದಲೇ. ಟಿಕೆಟ್ ಮೊಬೈಲ್‌ನಲ್ಲಿರುತ್ತದೆ, ಬಾಗಿಲಿಗೆ ಬರುವ ಮೊದಲೇ ತೆರೆದಿಟ್ಟುಕೊಳ್ಳಿ. ದೊಡ್ಡ ಚೀಲ ಒಯ್ಯಬೇಡಿ. ಫೋಲ್ಸಮ್ ಕಡೆಯವರು ಗೋಲ್ಡ್ ಲೈನ್ ಲೈಟ್ ರೈಲ್ ಹಿಡಿದರೆ ಪಾರ್ಕಿಂಗ್ ಗೋಜು ತಪ್ಪುತ್ತದೆ. ಆದರೆ ರಾತ್ರಿ ವಾಪಸು ಬರುವ ಕೊನೆಯ ರೈಲು ಎಷ್ಟು ಹೊತ್ತಿಗೆ, ಅದು ನಿಮ್ಮ ನಿಲ್ದಾಣದವರೆಗೂ ಬರುತ್ತದೆಯೇ ಎಂಬುದನ್ನು ಹೊರಡುವ ಮೊದಲೇ ನೋಡಿಕೊಳ್ಳಿ.

ಏಳು ಗಂಟೆಯ ಆಟಕ್ಕೆ ಏಳಕ್ಕೆ ಹೋಗಬೇಡಿ. ಆರಕ್ಕಾದರೂ ಅಲ್ಲಿರಿ. ಹೊರಗಿನ ಅಂಗಳದಲ್ಲಿ ನೇರಳೆ ಅಂಗಿಯ ಜನ ಗುಂಪುಗುಂಪಾಗಿ ನಿಂತಿರುತ್ತಾರೆ. ಅಜ್ಜ ತೊಟ್ಟಿರುವುದು ಕ್ರಿಸ್ ವೆಬರ್ ಹೆಸರಿನ ಬಣ್ಣ ಮಾಸಿದ ಜೆರ್ಸಿ, ಮೊಮ್ಮಗ ತೊಟ್ಟಿರುವುದು ಈಗಿನ ಆಟಗಾರನದು. ಯಾರ ಅಂಗಿಯ ಮೇಲೆ ಯಾವ ಹೆಸರಿದೆ ಎಂದು ನೋಡಿದರೆ ಅವರು ಎಂದಿನಿಂದ ಈ ತಂಡದ ಜೊತೆಗಿದ್ದಾರೆ ಎಂಬುದು ತಿಳಿಯುತ್ತದೆ. ಮುಂಭಾಗದ ಬೃಹತ್ ಬಾಗಿಲುಗಳು ವಿಮಾನ ನಿಲ್ಲಿಸುವ ಶೆಡ್ಡಿನ ಬಾಗಿಲಿನಂತೆ ಮೇಲಕ್ಕೆ ಮಡಚಿಕೊಳ್ಳುತ್ತವೆ. ಹವೆ ಹಿತವಾಗಿದ್ದ ಸಂಜೆ ಅವನ್ನು ತೆರೆದಿಟ್ಟರೆ ಡೆಲ್ಟಾ ಕಡೆಯ ತಂಗಾಳಿ ನೇರವಾಗಿ ಒಳಗೆ ಬರುತ್ತದೆ. 2016ರಲ್ಲಿ ಈ ಕಟ್ಟಡ ಕಟ್ಟಿದವರು ಊರಿನ ಹವೆಯನ್ನೇ ಬಳಸಿಕೊಂಡದ್ದು ನನಗೆ ತುಂಬಾ ಇಷ್ಟವಾದ ಸಂಗತಿ.

ಒಳಗೆ ಹೋದವರು ಸೀದಾ ಊಟದ ಸಾಲಿಗೆ ಹೋಗದೆ ಅಂಗಳದ ಕಡೆಗೆ ನಡೆಯಿರಿ. ಆಟಗಾರರು ಅಭ್ಯಾಸದ ಎಸೆತ ಎಸೆಯುತ್ತಿರುತ್ತಾರೆ. ಅವರು ಒಳಗೆ ಬಂದು ಹೋಗುವ ಸುರಂಗದ ಕಟಕಟೆಗೆ ಮಕ್ಕಳು ಪೆನ್ನು, ಕಾಗದ ಹಿಡಿದು ಆತುಕೊಂಡಿರುತ್ತಾರೆ. ಮಕ್ಕಳಿದ್ದರೆ ಖಂಡಿತ ಕರೆದುಕೊಂಡು ಹೋಗಿ ನಿಲ್ಲಿಸಿ. ಟಿವಿಯಲ್ಲಿ ಎಂದೂ ಕಾಣದ ಒಂದು ವಿಷಯ ಆ ಹೊತ್ತಿನಲ್ಲಿ ಕಾಣುತ್ತದೆ: ಒಬ್ಬ ಆಟಗಾರ ಅದೇ ಜಾಗದಿಂದ, ಅದೇ ಎಸೆತವನ್ನು, ಬೇಸರವಿಲ್ಲದೆ ಮತ್ತೆ ಮತ್ತೆ ಎಸೆಯುವುದು.

ಇನ್ನು ಗದ್ದಲದ ವಿಷಯ. ಇದನ್ನು ಸ್ವಲ್ಪ ವಿವರವಾಗಿ ಹೇಳಬೇಕು, ಏಕೆಂದರೆ ಕ್ರಿಕೆಟ್ ನೋಡಿ ಬೆಳೆದ ನಮಗೆ ಇಲ್ಲಿನ ಕ್ರಮ ಹೊಸದು. ರಾಷ್ಟ್ರಗೀತೆಗೆ ಎಲ್ಲರೂ ಎದ್ದು ನಿಲ್ಲುತ್ತಾರೆ, ಅದು ಸರಿ. ಆಟ ಶುರುವಾದ ಮೇಲೆ ಚೆಂಡು ನಮ್ಮವರ ಕೈಯಲ್ಲಿದ್ದಾಗ ಗದ್ದಲ ತುಸು ತಗ್ಗುತ್ತದೆ, ಎದುರಾಳಿಯ ಕೈಗೆ ಹೋದೊಡನೆ ಏರುತ್ತದೆ. ಎದುರಾಳಿಗೆ 24 ಸೆಕೆಂಡಿನೊಳಗೆ ಎಸೆಯಲೇಬೇಕೆಂಬ ನಿಯಮ ಇರುವುದರಿಂದ, ಆ ಗಡಿಯಾರ ಇಳಿಯುತ್ತಿದ್ದಂತೆ ‘ಡಿಫೆನ್ಸ್’ ಎಂಬ ಕೂಗು ಕಾಲಿನ ತಾಳದೊಂದಿಗೆ ಮೇಲೇರುತ್ತದೆ. ತಮ್ಮ ತಮ್ಮಲ್ಲಿ ಮಾತಾಡಿಕೊಂಡು ನಿಲ್ಲುವ ಜಾಗ ಬದಲಿಸಬೇಕಾದ ಐದು ಜನ ಎದುರಾಳಿಗಳಿಗೆ ಆ ಸದ್ದಿನಲ್ಲಿ ಒಬ್ಬರ ಮಾತು ಇನ್ನೊಬ್ಬರಿಗೆ ಕೇಳುವುದಿಲ್ಲ. ಎದುರಾಳಿ ಫ್ರೀ ಥ್ರೋ, ಅಂದರೆ ಫೌಲ್ ಆದಾಗ ಸಿಗುವ ತಡೆಯಿಲ್ಲದ ಎಸೆತ, ಎಸೆಯುವಾಗ ರಿಂಗ್‌ನ ಹಿಂದಿನ ಸಾಲಿನವರು ಕೈ ಬೀಸಿ ಕಣ್ಣು ಕೆಡಿಸುತ್ತಾರೆ. ನಮ್ಮವನು ಎಸೆಯುವಾಗ ಇಡೀ ಕ್ರೀಡಾಂಗಣ ತಾನಾಗಿ ಸುಮ್ಮನಾಗುತ್ತದೆ. ಮೊದಲ ಸಲ ಹೋದವರು ಪಕ್ಕದವರನ್ನು ನೋಡಿಕೊಂಡು ಹಾಗೆಯೇ ಮಾಡಿ, ಮೊದಲ ಕ್ವಾರ್ಟರ್ ಮುಗಿಯುವುದರೊಳಗೆ ಅಭ್ಯಾಸವಾಗುತ್ತದೆ. ಆಟ ನಡೆಯುತ್ತಿರುವಾಗ ಸಾಲಿನ ನಡುವೆ ಓಡಾಡಬೇಡಿ. ಚೆಂಡು ನಿಂತಾಗ ಅಥವಾ ಟೈಮ್‌ಔಟ್ ಕರೆದಾಗ ಏಳಿ.

ಇಲ್ಲಿನ ಗದ್ದಲಕ್ಕೆ ಒಂದು ಚರಿತ್ರೆ ಇದೆ. 1985ರಲ್ಲಿ ಕ್ಯಾನ್ಸಸ್ ಸಿಟಿಯಿಂದ ತಂಡ ಈ ಊರಿಗೆ ಬಂದಾಗ ಆಟ ಅಷ್ಟಕ್ಕಷ್ಟೇ. ಆದರೂ 1985ರಿಂದ 1997ರವರೆಗೆ ಸತತವಾಗಿ 497 ತವರಿನ ಪಂದ್ಯಗಳ ಟಿಕೆಟ್ ಪೂರ್ತಿ ಮಾರಾಟವಾದವು. ದೊಡ್ಡ ಲೀಗ್‌ಗಳ ಪೈಕಿ ಈ ಊರಿಗೆ ದಶಕಗಳ ಕಾಲ ಇದ್ದದ್ದು ಇದೊಂದೇ ತಂಡ, ಹಾಗಾಗಿ ಗೆದ್ದರೂ ಸೋತರೂ ಜನ ಹೋದರು. ಹಾಗೆ ಸೋಲುವ ತಂಡಕ್ಕಾಗಿ ಕೂಗಿ ಕೂಗಿ ಗಂಟಲು ಪಳಗಿದವರಿಗೆ 2000ದ ಸುಮಾರಿಗೆ ಒಳ್ಳೆಯ ತಂಡ ಸಿಕ್ಕಿತು: ವೆಬರ್, ವ್ಲಾಡೆ ಡಿವಾಚ್, ಪೇಜಾ ಸ್ಟೊಯಾಕೊವಿಚ್, ಆಮೇಲೆ ಬಂದ ಮೈಕ್ ಬಿಬಿ. ಲಾಸ್ ಏಂಜಲೀಸ್‌ನ ಕೋಚ್ ಫಿಲ್ ಜಾಕ್ಸನ್ ಈ ಊರನ್ನು ದನ ಕಾಯುವವರ ಊರೆಂಬಂತೆ ಹಗುರವಾಗಿ ಆಡಿದರು. ಇಲ್ಲಿಯವರು ಅದಕ್ಕೆ ಉತ್ತರವಾಗಿ ದನದ ಕೊರಳಿಗೆ ಕಟ್ಟುವ ಗಂಟೆಗಳನ್ನೇ ತಂದು ಲೇಕರ್ಸ್ ಆಟಗಾರರು ಕೂರುವ ಬೆಂಚಿನ ಹಿಂದೆ ಬಾರಿಸಿದರು. 2002ರ ಪಶ್ಚಿಮ ವಲಯದ ಅಂತಿಮ ಸರಣಿಯಲ್ಲಿ ಏಳನೆಯ ಪಂದ್ಯದವರೆಗೂ, ಅಲ್ಲಿಂದ ಹೆಚ್ಚುವರಿ ಸಮಯದವರೆಗೂ ಹೋಗಿ ನಮ್ಮ ತಂಡ ಲೇಕರ್ಸ್‌ಗೆ ಸೋತಿತು. ಆ ಸೋಲಿನ ಬಗ್ಗೆ ಊರಿನ ಹಳಬರ ಹತ್ತಿರ ಮಾತು ತೆಗೆದರೆ ಅರ್ಧ ಗಂಟೆ ಕೇಳಲು ಸಿದ್ಧರಾಗಿ ಕುಳಿತುಕೊಳ್ಳಿ. ಗಂಟೆಗಳು ಮಾತ್ರ ಉಳಿದವು. 2023ರ ಪ್ಲೇಆಫ್‌ನಲ್ಲಿ ಅವು ಮತ್ತೆ ಹೊರಬಂದವು.

ಮೇಲಿನ ಅಂತಸ್ತಿನಲ್ಲಿ ನಮ್ಮ ಮುಂದಿನ ಸಾಲಿಗೆ ಬರುವ ಹಿರಿಯ ಮಹಿಳೆಯೊಬ್ಬರ ಹತ್ತಿರ ಅಂಥದೊಂದು ಗಂಟೆ ಇದೆ. ಹಿಡಿಯ ಬಣ್ಣ ಪೂರ್ತಿ ಹೋಗಿ ತಗಡು ಕಾಣುತ್ತದೆ, ಒಳಗಿನ ನಾಲಗೆಗೆ ದಾರ ಕಟ್ಟಿ ಗಟ್ಟಿಮಾಡಿದ್ದಾರೆ. ನಟೋಮಸ್‌ನ ಹಳೆಯ ಕ್ರೀಡಾಂಗಣದಲ್ಲಿ ಗಂಡನ ಜೊತೆ ಕೂತು ಬಾರಿಸುತ್ತಿದ್ದದ್ದು ಅದು. ನನ್ನ ಮಗಳಿಗೆ ಯಾವಾಗ ಕೂಗಬೇಕು, ಯಾವಾಗ ಸುಮ್ಮನಿರಬೇಕು ಎಂದು ಕಲಿಸಿದವರು ಅವರೇ. ನಿಮ್ಮ ಪಕ್ಕದಲ್ಲೂ ಇಂಥವರು ಯಾರಾದರೂ ಇರುತ್ತಾರೆ. ಸಂಕೋಚಪಡದೆ ಮಾತಾಡಿಸಿ. ‘ಇದು ನಮ್ಮ ಮೊದಲ ಆಟ’ ಎಂದು ಹೇಳಿದರೆ ಸಾಕು, ಉಳಿದದ್ದನ್ನು ಅವರೇ ಹೇಳುತ್ತಾರೆ. ಆಫೀಸಿನಲ್ಲಿ ವರ್ಷಗಟ್ಟಲೆ ಜೊತೆಗೆ ಕೆಲಸ ಮಾಡಿದರೂ ಬೆಳೆಯದ ಸಲುಗೆ ಇಲ್ಲಿ ಎರಡೂವರೆ ಗಂಟೆಯಲ್ಲಿ ಬೆಳೆಯುವುದನ್ನು ನಾನು ನೋಡಿದ್ದೇನೆ.

ಈ ಜನ ಆಟ ಮುಗಿದ ಮೇಲೂ ಬೇಗ ಏಳುವುದಿಲ್ಲ. ಅದಕ್ಕೆ ಕಾರಣ ತಿಳಿಯಲು 2011ರ ಏಪ್ರಿಲ್‌ಗೆ ಹೋಗಬೇಕು. ತಂಡವನ್ನು ದಕ್ಷಿಣ ಕ್ಯಾಲಿಫೋರ್ನಿಯಾದ ಅನಾಹೈಮ್‌ಗೆ ಒಯ್ಯುವ ಸಿದ್ಧತೆ ನಡೆದಿತ್ತು. ಸೀಸನ್ನಿನ ಕೊನೆಯ ಆಟ ಲೇಕರ್ಸ್ ವಿರುದ್ಧ, ಹೆಚ್ಚುವರಿ ಸಮಯದಲ್ಲಿ ಸೋಲು. ಊರಿನ ಕೊನೆಯ ಆಟ ಇದೇ ಎಂದು ನಂಬಿದ್ದ ಜನ ಆಟ ಮುಗಿದ ಮೇಲೂ ಸೀಟು ಬಿಟ್ಟು ಏಳಲಿಲ್ಲ. ‘ನಾವು ಇಲ್ಲೇ ಇರುತ್ತೇವೆ’ ಎಂಬ ಅರ್ಥದ ಘೋಷಣೆ ಕೂಗುತ್ತಾ ಉಳಿದರು. ಆ ವರ್ಷ ತಂಡ ಉಳಿಯಿತು. 2013ರಲ್ಲಿ ಮತ್ತೆ ಸಿಯಾಟಲ್‌ನವರಿಗೆ ಮಾರುವ ಒಪ್ಪಂದವಾಯಿತು. ಹಿಂದೆ ಎನ್‌ಬಿಎ ಆಟಗಾರರಾಗಿದ್ದ ಮೇಯರ್ ಕೆವಿನ್ ಜಾನ್ಸನ್ ಹೊಸ ಕ್ರೀಡಾಂಗಣದ ಯೋಜನೆಯನ್ನೂ ಹೊಸ ಖರೀದಿದಾರರನ್ನೂ ಹೊಂದಿಸಿದರು. ಮೇ ತಿಂಗಳಲ್ಲಿ ಲೀಗ್‌ನ ಮಾಲೀಕರು 22ಕ್ಕೆ 8 ಮತಗಳಿಂದ ಸ್ಥಳಾಂತರವನ್ನು ತಳ್ಳಿಹಾಕಿದರು. ಮತ ಹಾಕಿದವರು ಮಾಲೀಕರು, ಹಣ ಹೊಂದಿಸಿದವರು ದೊಡ್ಡವರು, ನಿಜ. ಆದರೆ ಸೋಲುವ ತಂಡಕ್ಕೂ ಹೀಗೆ ಬಂದು ಕೂರುವ ಜನ ಇಲ್ಲದಿದ್ದರೆ ಅವರ ಕೈಯಲ್ಲಿ ಹೇಳಿಕೊಳ್ಳಲು ಏನಿರುತ್ತಿತ್ತು? ಅದೇ ವರ್ಷ ನವೆಂಬರ್‌ನಲ್ಲಿ ಡೆಟ್ರಾಯಿಟ್ ವಿರುದ್ಧದ ಆಟದ ದಿನ ಅಭಿಮಾನಿಗಳು 126 ಡೆಸಿಬೆಲ್ ಸದ್ದು ಮಾಡಿ ಒಳಾಂಗಣ ಕ್ರೀಡಾಂಗಣದ ಆಗಿನ ಗಿನ್ನೆಸ್ ದಾಖಲೆ ಬರೆದರು.

ತಂಡ ಕೊಂಡ ಗುಂಪಿನ ಮುಂದಾಳು ಮುಂಬೈಯಲ್ಲಿ ಹುಟ್ಟಿದ ವಿವೇಕ್ ರಣದಿವೆ. 2015ರಲ್ಲಿ ಭಾರತೀಯ ಮೂಲದ ಮೊದಲ ಎನ್‌ಬಿಎ ಆಟಗಾರ ಸಿಮ್ ಭುಲ್ಲರ್ ಅಂಗಳಕ್ಕಿಳಿದದ್ದು ಕಿಂಗ್ಸ್ ಅಂಗಿಯಲ್ಲಿ. 2019ರ ಅಕ್ಟೋಬರ್‌ನಲ್ಲಿ ಭಾರತದ ನೆಲದ ಮೊದಲ ಎನ್‌ಬಿಎ ಪಂದ್ಯ ಮುಂಬೈಯಲ್ಲಿ ನಡೆದಾಗ ಇಂಡಿಯಾನಾ ಪೇಸರ್ಸ್ ಎದುರು ಆಡಿದ್ದೂ ಇದೇ ತಂಡ. ಹೆಚ್ಚುವರಿ ಸಮಯಕ್ಕೆ ಹೋಗಿ 132-131ರಿಂದ ಸೋತರು. ‘ಇದು ಅಮೆರಿಕದವರ ಆಟ, ನಮಗೇನು ಸಂಬಂಧ’ ಎನ್ನುವ ಹೊಸಬರಿಗೆ ನಾನು ಇದನ್ನೆಲ್ಲ ಹೇಳುತ್ತೇನೆ.

ಈಗ ನೇರಳೆ ಬೆಳಕಿನ ವಿಷಯ. 2022ರ ಅಕ್ಟೋಬರ್‌ನಲ್ಲಿ ಶುರುವಾದ ಸೀಸನ್ನಿನಿಂದ, ತಂಡ ಗೆದ್ದ ರಾತ್ರಿ ಕ್ರೀಡಾಂಗಣದ ಮೇಲಿಂದ ಲೇಸರ್ ಬೆಳಕಿನ ಕಂಬವೊಂದು ನೆಟ್ಟಗೆ ಆಕಾಶಕ್ಕೆ ಏಳುತ್ತದೆ. ಹೊರ ಊರಿನಲ್ಲಿ ಗೆದ್ದರೂ ಇಲ್ಲಿ ಬೆಳಕು ಹೊತ್ತುತ್ತದೆ. ಯೋಜನೆ ಹಾಕಿದ್ದು ತಂಡದವರೇ. ಅದನ್ನು ಊರಿನದಾಗಿ ಮಾಡಿದ್ದು ‘ಲೈಟ್ ದ ಬೀಮ್’, ಅಂದರೆ ಬೆಳಕು ಹೊತ್ತಿಸಿ, ಎಂಬ ಕೂಗು. ಗೆಲುವು ಖಾತ್ರಿಯಾಗುತ್ತಿದ್ದಂತೆ ಒಂದು ಮೂಲೆಯಲ್ಲಿ ಯಾರೋ ಶುರು ಮಾಡುತ್ತಾರೆ, ಕೆಳಗಿನ ಸಾಲು ಎತ್ತಿಕೊಳ್ಳುತ್ತದೆ, ಟೈಮ್‌ಔಟ್ ಮುಗಿಯುವಷ್ಟರಲ್ಲಿ ಎಲ್ಲರೂ ಎದ್ದು ನಿಂತಿರುತ್ತಾರೆ. ಗಡಿಯಾರ ಸೊನ್ನೆಗೆ ಬಂದ ಮೇಲೆ ಅಂಗಳದ ನಡುವೆ ಬೆಳಕು ಹೊತ್ತಿಸಲು ಒತ್ತುವ ಒಂದು ದೊಡ್ಡ ನೇರಳೆ ಗುಂಡಿ ತಂದಿಡುತ್ತಾರೆ. ಅಂದು ಚೆನ್ನಾಗಿ ಆಡಿದವನನ್ನು ಸಹ ಆಟಗಾರರು ತಳ್ಳಿಕೊಂಡು ಬರುತ್ತಾರೆ. ಆತ ಅಂಗೈ ಎತ್ತುತ್ತಾನೆ, ಕೂಗು ಏರಲೆಂದು ಒಂದು ಕ್ಷಣ ತಡೆಯುತ್ತಾನೆ, ಆಮೇಲೆ ಒತ್ತುತ್ತಾನೆ. ಹೊರಗೆ ಅಂಗಳದಲ್ಲಿ ನಿಂತವರು ಕತ್ತು ಹಿಂದಕ್ಕೆ ಚಾಚಿ ನೋಡುತ್ತಾರೆ. ಉಪನಗರಗಳ ಮಕ್ಕಳು ಮಲಗುವ ಮೊದಲು ಕಿಟಕಿಯ ಬಳಿ ಹೋಗಿ ಬೆಳಕು ಇದೆಯೇ ಎಂದು ನೋಡುವುದು ಎಷ್ಟೋ ಮನೆಗಳ ರೂಢಿಯಾಗಿದೆ.

ಇದಕ್ಕೆಲ್ಲ ಇಷ್ಟು ಸಂಭ್ರಮ ಏಕೆ ಎಂದರೆ 2006ರ ನಂತರ ಪ್ಲೇಆಫ್ ತಲುಪಲು ಈ ತಂಡಕ್ಕೆ 2023 ಆಗಬೇಕಾಯಿತು. ನಡುವೆ ಖಾಲಿ ಹೋದದ್ದು 16 ಸೀಸನ್, ಎನ್‌ಬಿಎ ಚರಿತ್ರೆಯಲ್ಲೇ ಅತಿ ಉದ್ದದ ಕಾಯುವಿಕೆ. ಮೊದಲ ಕಪ್‌ಗಾಗಿ 2008ರಿಂದ 2025ರವರೆಗೆ ಆರ್‌ಸಿಬಿಯನ್ನು ಕಾದ ನಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. 2023ರ ಆ ಮೊದಲ ಸುತ್ತಿನಲ್ಲಿ ಎದುರಾದವರು ನೆರೆಯ ವಾರಿಯರ್ಸ್. ಬೇ ಏರಿಯಾದಲ್ಲಿ ಅಣ್ಣ, ಇಲ್ಲಿ ತಮ್ಮ ಇರುವ ಕನ್ನಡ ಮನೆಗಳಲ್ಲೂ ಎರಡು ಪಕ್ಷವಾಗಿತ್ತು. ಏಳನೆಯ ಪಂದ್ಯ ಇದೇ ಕ್ರೀಡಾಂಗಣದಲ್ಲಿ. ಸ್ಟೆಫ್ ಕರಿ ಒಬ್ಬರೇ 50 ಅಂಕ ಗಳಿಸಿ ನಮ್ಮನ್ನು ಮನೆಗೆ ಕಳುಹಿಸಿದರು. 2024ರಲ್ಲೂ 2025ರಲ್ಲೂ ಪ್ಲೇಆಫ್ ಬಾಗಿಲಲ್ಲೇ ತಡೆಯಾಯಿತು. ಆದ್ದರಿಂದ ನೀವು ಹೋದ ದಿನ ಸೋಲುವ ಸಾಧ್ಯತೆ ಚೆನ್ನಾಗಿಯೇ ಇದೆ. ಸೋತರೆ ಬೆಳಕಿಲ್ಲ, ಗುಂಡಿಯಿಲ್ಲ, ಜನ ಆ ಒಂದು ಎಸೆತದ ಬಗ್ಗೆ ವಾದ ಮಾಡುತ್ತಾ ಮೆಟ್ಟಿಲಿಳಿಯುತ್ತಾರೆ. ಅಂಥ ರಾತ್ರಿಯೂ ಕೊನೆಯ ಎರಡು ನಿಮಿಷಕ್ಕೆ ಮುಂಚೆ ಹೊರಡಬೇಡಿ. ಬ್ಯಾಸ್ಕೆಟ್‌ಬಾಲ್‌ನಲ್ಲಿ ಎರಡು ನಿಮಿಷ ಎಂದರೆ ಟೈಮ್‌ಔಟ್, ಫೌಲ್ ಎಲ್ಲ ಸೇರಿ ಕಾಲು ಗಂಟೆ ಎಳೆಯಬಹುದು, ಆರೇಳು ಅಂಕದ ಅಂತರ ಅಷ್ಟರಲ್ಲಿ ಕರಗಿ ಹೋಗಬಹುದು. ಮಧ್ಯದಲ್ಲಿ ಎದ್ದು ಹೋಗುವವರನ್ನು ಇಲ್ಲಿನ ಹಳಬರು ಹೇಗೆ ನೋಡುತ್ತಾರೆ ಎಂಬುದನ್ನು ಒಮ್ಮೆ ಕಂಡರೆ ನೀವೇ ಕುಳಿತುಕೊಳ್ಳುತ್ತೀರಿ.

ಚಳಿಗಾಲದಲ್ಲಿ ಊರಿನಿಂದ ಅಪ್ಪ ಅಮ್ಮ ಬಂದಿದ್ದರೆ ಅವರನ್ನೂ ಕರೆದೊಯ್ಯಿರಿ. ಮೇಲಿನ ಅಂತಸ್ತಿನ ಮೆಟ್ಟಿಲು ಕಡಿದಾಗಿವೆ, ಆದ್ದರಿಂದ ಮಂಡಿನೋವಿದ್ದವರಿಗೆ ಟಿಕೆಟ್ ಕೊಳ್ಳುವಾಗಲೇ ಮೆಟ್ಟಿಲಿಲ್ಲದ ಸಾಲು ನೋಡಿ. ಸದ್ದು ತಡೆಯಲು ಕಿವಿಗೆ ಇಟ್ಟುಕೊಳ್ಳುವ ಹತ್ತಿ ಅಥವಾ ಇಯರ್‌ಪ್ಲಗ್ ಜೇಬಿನಲ್ಲಿರಲಿ, ಚಿಕ್ಕ ಮಕ್ಕಳಿಗಂತೂ ಬೇಕೇ ಬೇಕು. ಸಸ್ಯಾಹಾರಿಗಳು ಒಳಗೆ ಹುಡುಕಿದರೆ ಏನಾದರೂ ಸಿಗುತ್ತದೆ, ಆದರೆ ಬೆಲೆ ಹೆಚ್ಚು. ಮನೆಯಲ್ಲೇ ಚಿತ್ರಾನ್ನ ತಿಂದು ಹೊರಡುವುದು ನಮ್ಮ ಮನೆಯ ಪದ್ಧತಿ. ಒಬ್ಬರೇ ಹೋಗಲು ಮುಜುಗರವೆನಿಸಿದರೆ ಇಲ್ಲಿನ ಕನ್ನಡಿಗರಲ್ಲಿ ಯಾರನ್ನಾದರೂ ಕೇಳಿ. ನವೆಂಬರ್ ಹೊತ್ತಿಗೆ ಗುಂಪಾಗಿ ಟಿಕೆಟ್ ತೆಗೆಸುವವರು ಇದ್ದೇ ಇರುತ್ತಾರೆ, ಕೊನೆಯ ಗಳಿಗೆಯಲ್ಲಿ ಯಾರಿಗಾದರೂ ಬರಲಾಗದೆ ಒಂದೆರಡು ಸೀಟು ಉಳಿಯುವುದೂ ಉಂಟು.