ಗೌಚೊ ಮೂಕಿ ಚಿತ್ರಕ್ಕೆ ಸರಿಯಾದ ವೇಗ ಹೊಂದಿಸುವುದು ಹೇಗೆ?

ಅರ್ಜೆಂಟೀನಾದ ಗೌಚೊ (ಬಯಲುಸೀಮೆಯ ಕುದುರೆ ಸವಾರ, ದನಗಾಹಿ) ಬಂಡುಕೋರ ಹ್ವಾನ್ ಮೊರೆಯ್ರಾ 1874ರಲ್ಲಿ ಲೋಬೋಸ್‌ನಲ್ಲಿ ಪೊಲೀಸರ ಕೈಯಲ್ಲಿ ಸತ್ತ. ಅವನ ಕತೆ ಧಾರಾವಾಹಿಯಾಯಿತು, 1884ರಲ್ಲಿ ಸರ್ಕಸ್ಸಿನಲ್ಲಿ ಪೊಡೆಸ್ತಾ ಕುಟುಂಬದವರ ಮೂಕಾಭಿನಯವಾಯಿತು, 1910ರ ಆಸುಪಾಸಿನಲ್ಲಿ ಮಾರಿಯೋ ಗಾಲೋನ ಮೂಕಿ ಚಿತ್ರವೂ ಆಯಿತು. ಕೈಯಿಂದ ಹಿಡಿಕೆ ತಿರುಗಿಸಿ ನಿಧಾನ ವೇಗದಲ್ಲಿ ತೆಗೆದ ಆ ಕಾಲದ ಚಿತ್ರವನ್ನು ವಾಕ್ಚಿತ್ರದ ವೇಗದಲ್ಲಿ, ಸೆಕೆಂಡಿಗೆ 24 ಫ್ರೇಮಿನಂತೆ (ಬಿಡಿ ಚಿತ್ರದಂತೆ) ಓಡಿಸಿದರೆ ವೀರ ಕೋಡಂಗಿಯಾಗುತ್ತಾನೆ.

ಮೊದಲು ರೀಲು ಯಾವ ವಸ್ತುವಿನದೆಂದು ನೋಡಿ. ಬೇಗ ಹೊತ್ತಿಕೊಳ್ಳುವ ಹಳೆಯ ನೈಟ್ರೇಟ್ ಫಿಲ್ಮಾಗಿದ್ದರೆ ಪ್ರೊಜೆಕ್ಟರಿಗೆ ಹಾಕಲೇಬೇಡಿ, ಹಳೆಯ ಚಿತ್ರಗಳನ್ನು ಕಾಪಾಡುವ ಫಿಲ್ಮ್ ಆರ್ಕೈವ್‌ಗೆ ಒಪ್ಪಿಸಿ. ಒಮ್ಮೆ ಹೊತ್ತಿಕೊಂಡರೆ ನೀರಿನೊಳಗೂ ಉರಿಯುತ್ತದೆ. ಅಂಚಿನಲ್ಲಿ 'ಸೇಫ್ಟಿ' (ಸುಲಭವಾಗಿ ಹೊತ್ತಿಕೊಳ್ಳದ ಫಿಲ್ಮು) ಎಂದಿದ್ದರೂ ಪೂರ್ತಿ ನಂಬುವಂತಿಲ್ಲ. ನಕಲು ತೆಗೆಯುವಾಗ ಮೂಲ ಫಿಲ್ಮಿನ ಅಂಚಿನ ಅಕ್ಷರಗಳೂ ಅಚ್ಚಾಗಿಬಿಡುತ್ತವೆ.

35 ಮಿ.ಮೀ. ಫಿಲ್ಮಿನ ಒಂದು ಅಡಿಗೆ 16 ಫ್ರೇಮು. 1000 ಅಡಿಯ ರೀಲು ಸೆಕೆಂಡಿಗೆ 16 ಫ್ರೇಮಿನ ವೇಗದಲ್ಲಿ 16 ನಿಮಿಷ 40 ಸೆಕೆಂಡು, 18ರಲ್ಲಿ ಸುಮಾರು 14 ನಿಮಿಷ 50 ಸೆಕೆಂಡು, 24ರಲ್ಲಿ ಬರೀ 11 ನಿಮಿಷ ಚಿಲ್ಲರೆ. 16ರಿಂದ ಶುರುಮಾಡಿ, ಒಂದೊಂದೇ ಫ್ರೇಮು ಏರಿಸುತ್ತ ಹೋಗಿ. ಕುದುರೆ ಓಟವನ್ನೋ ಚಾಕು ಕಾಳಗವನ್ನೋ ನೋಡಿ ವೇಗ ನಿರ್ಧರಿಸಬೇಡಿ: ಅಂಥ ದೃಶ್ಯಗಳಿಗೆ ಕ್ಯಾಮೆರಾಮನ್ ಬೇಕೆಂದೇ ಹಿಡಿಕೆಯನ್ನು ನಿಧಾನ ತಿರುಗಿಸಿರಬಹುದು. ಯಾರೋ ಸುಮ್ಮನೆ ನಡೆದುಹೋಗುವುದು, ಕುದುರೆಯಿಂದ ಇಳಿಯುವುದು, ಹೊಗೆ ಮೇಲೇಳುವುದು, ಇವೇ ಒಳ್ಳೆಯ ಸಾಕ್ಷಿ. ಕೈ ಬೀಸಿ ಎದೆ ಬಡಿದುಕೊಳ್ಳುವ ನಟನೆ ಅತಿಯೆನಿಸಿದರೆ ವೇಗ ತಗ್ಗಿಸಲು ಹೋಗಬೇಡಿ, ಅದು ಅಂದಿನ ರಂಗದ ಅಭಿನಯ. ದೃಶ್ಯದಿಂದ ದೃಶ್ಯಕ್ಕೆ ವೇಗ ಬದಲಾಗುವುದೂ ಉಂಟು. ಬದಲಿಸಬೇಕಾದ ಜಾಗಗಳನ್ನು ಮೊದಲೇ ಗುರುತು ಹಾಕಿಕೊಳ್ಳಿ.

ವೇಗ ಇಳಿಸಿದೊಡನೆ ತೆರೆ ಮಿನುಗತೊಡಗಿದರೆ ತಪ್ಪು ಶಟರಿನದು, ಅಂದರೆ ಪ್ರೊಜೆಕ್ಟರಿನ ಬೆಳಕನ್ನು ಆಗಾಗ ತಡೆಯುತ್ತ ತಿರುಗುವ ರೆಕ್ಕೆಯದು. ಎರಡು ರೆಕ್ಕೆಯ ಶಟರು 16ರಲ್ಲಿ ಸೆಕೆಂಡಿಗೆ 32 ಸಲವಷ್ಟೇ ಬೆಳಕು ಚೆಲ್ಲುತ್ತದೆ. ಮೂರು ರೆಕ್ಕೆಯದಾದರೆ 48 ಸಲ, ಕಣ್ಣು ನೋಯುವುದಿಲ್ಲ. ಬೆಳಕು ಸ್ವಲ್ಪ ಕಡಿಮೆಯಾಗುತ್ತದೆ, ಅಷ್ಟೆ.

ಗೇಟು, ಅಂದರೆ ಪ್ರೊಜೆಕ್ಟರಿನಲ್ಲಿ ಫ್ರೇಮಿನ ಮೇಲೆ ಬೆಳಕು ಬೀಳುವ ಕಿಂಡಿ, ಮೂಕಿ ಚಿತ್ರದ ಪೂರ್ಣ ಅಳತೆಯದೇ ಬೇಕು. ವಾಕ್ಚಿತ್ರದ ಗೇಟು ಧ್ವನಿಪಟ್ಟಿಯ ಜಾಗವನ್ನು ಬಿಟ್ಟುಬಿಡುವುದರಿಂದ ಎಡಗಡೆ ಚಿತ್ರ ಕತ್ತರಿಸಿಹೋಗುತ್ತದೆ. ಶೀರ್ಷಿಕೆ ಫಲಕದ (ಮಾತು, ವಿವರಣೆ ಬರೆದು ನಡುನಡುವೆ ತೋರಿಸುವ ಫಲಕ) ಪ್ರತಿ ಸಾಲಿನ ಮೊದಲ ಅಕ್ಷರವೇ ಕಾಣೆಯಾದರೆ ಕಾರಣ ಬಹುತೇಕ ಇದೇ. ಗೇಟು ಬದಲಿಸಿದ ಮೇಲೆ ಲೆನ್ಸಿನ ಮಧ್ಯವನ್ನೂ ಸರಿಸಬೇಕು, ಬಹಳ ಮಂದಿ ಇದನ್ನು ಮರೆಯುತ್ತಾರೆ.

ಡಿಜಿಟಲ್ ಪ್ರತಿಯಲ್ಲಿ 16ನ್ನು 24ಕ್ಕೆ ಕೂರಿಸಲು ಎರಡು ಫ್ರೇಮಿಗೊಂದನ್ನು, 18ಕ್ಕಾದರೆ ಮೂರು ಫ್ರೇಮಿಗೊಂದನ್ನು ಎರಡು ಸಲ ತೋರಿಸಿ. ಫ್ರೇಮುಗಳನ್ನು ಒಂದರೊಳಗೊಂದು ಬೆರೆಸಿದರೆ ಓಡುವ ಕುದುರೆಗೆ ಎಂಟು ಕಾಲು ಮೂಡುತ್ತವೆ. ಕೆಲವು ಆರ್ಕೈವ್ ಪ್ರತಿಗಳಲ್ಲಿ ಶೀರ್ಷಿಕೆ ಫಲಕ ಕೆಲವೇ ಫ್ರೇಮು ಇರುತ್ತದೆ. ಅದು ಹಾಳಾದದ್ದಲ್ಲ, ಆಮೇಲೆ ಉದ್ದ ಮಾಡಿಕೊಳ್ಳಲೆಂದು ಬಿಟ್ಟ ಗುರುತು. ನಿಧಾನವಾಗಿ ಎರಡು ಸಲ ಓದುವಷ್ಟು ಹೊತ್ತು ಅದನ್ನು ಹಿಗ್ಗಿಸಿ.