ಕಣ್ಣು ಕತ್ತರಿಸದೆ ಹಾವೇರಿಯ ಚಳಿಯಲ್ಲಿ ಸ್ಕ್ಯಾಂಪಿ ಮರಿ: ನನ್ನ ಅನುಭವ

ನಮ್ಮ ಕಡೆ ಚಳಿಗಾಲದಲ್ಲಿ ಸ್ಕ್ಯಾಂಪಿ (ಸಿಹಿನೀರಿನ ದೊಡ್ಡ ಸಿಗಡಿ) ಹೊಟ್ಟೆಯಡಿ ತತ್ತಿ ಹೊರುವುದಿಲ್ಲ, ಹೊರಿಸಬೇಕೆಂದರೆ ಕಣ್ಣಿನ ದಂಟು ಕತ್ತರಿಸಲೇಬೇಕು ಎಂಬ ಮಾತನ್ನು ಮೂರು ವರ್ಷ ಕೇಳಿದ್ದಾಯಿತು. ಈ ಸಲ ಹಾನಗಲ್ ಹತ್ತಿರದ ಶೆಡ್ಡಿನಲ್ಲಿ 24 ಹೆಣ್ಣುಗಳ ಪೈಕಿ 14 ತತ್ತಿ ಹೊತ್ತವು, 11 ಕೊನೆಯವರೆಗೂ ಉಳಿಸಿಕೊಂಡವು. ಒಂದರ ಕಣ್ಣನ್ನೂ ಮುಟ್ಟಿಲ್ಲ. ‘ಘಟ್ಟದ ಮ್ಯಾಲೆ ಇದು ಆಗೂ ಮಾತಲ್ಲ’ ಎಂದವರೇ ಈಗ ಮರಿ ಕೇಳಿ ಫೋನ್ ಮಾಡುತ್ತಿದ್ದಾರೆ.

ಚಳಿಗಾಲವೇ ಯಾಕೆ ಎಂದರೆ ಲೆಕ್ಕ ಸರಳ. ಕೆರೆ ತುಂಬುವುದು ಜೂನ್–ಜುಲೈಯಲ್ಲಿ. ಡಿಸೆಂಬರ್ ಬಂದರೆ ನೀರು ತಣ್ಣಗಾಗಿ ಬೆಳವಣಿಗೆ ನಿಲ್ಲುತ್ತದೆ. ಆ ಐದಾರು ತಿಂಗಳಲ್ಲಿ ಮಾರುವ ಗಾತ್ರ ಬರಬೇಕೆಂದರೆ ಬಿಡುವ ಮರಿ ಒಂದೆರಡು ಗ್ರಾಂ ಇರಬೇಕು. ಅಷ್ಟು ಬೆಳೆಸಲು ನರ್ಸರಿಗೆ ಮಾರ್ಚ್‌ನಿಂದ ಮೇ ಬೇಕು, ಅಂದರೆ ಪಿ.ಎಲ್. (ಪೋಸ್ಟ್ ಲಾರ್ವಾ, ಲಾರ್ವಾ ಹಂತ ದಾಟಿದ ಎಳೆ ಸಿಗಡಿ) ಫೆಬ್ರುವರಿಗೆ ಕೈಯಲ್ಲಿರಬೇಕು, ತತ್ತಿ ಜನವರಿ ಹೊತ್ತಿಗೆ ಒಡೆಯಬೇಕು.

ಮೊದಲ ಚಳಿಗಾಲ 40 ಹೆಣ್ಣು, 8 ಗಂಡು ಒಂದೇ ಸಿಮೆಂಟ್ ತೊಟ್ಟಿಯಲ್ಲಿ ಬಿಟ್ಟೆ. ಬೆಳಗಿನ ಜಾವ ನೀರು 21–22 ಡಿಗ್ರಿ. ಮೂರೋ ನಾಲ್ಕೋ ಹೆಣ್ಣುಗಳಲ್ಲಿ ಅಂಡಾಶಯ ಬೆನ್ನ ಚಿಪ್ಪಿನಡಿ ಕಿತ್ತಳೆ ಬಣ್ಣಕ್ಕೆ ತುಂಬಿತು, ಆದರೆ ಅವು ಪೊರೆ ಬಿಡಲಿಲ್ಲ, ಅಂದರೆ ಹಳೆ ಚಿಪ್ಪು ಕಳಚಲಿಲ್ಲ. ಪೊರೆ ಬಿಟ್ಟವುಗಳಲ್ಲಿ ಅಂಡಾಶಯ ಖಾಲಿ. ಆ ಮೆತ್ತಗಿನ ಹೆಣ್ಣುಗಳನ್ನು ಉಳಿದವು ರಾತ್ರೋರಾತ್ರಿ ತಿಂದವು. 17 ಹೋದವು, ಲುಕ್ಸಾನು 38 ಸಾವಿರದ ಆಸುಪಾಸು.

ಎರಡನೇ ವರ್ಷ ಎಲ್ಲರ ಮಾತು ಕೇಳಿ 12 ಹೆಣ್ಣುಗಳ ಒಂದೊಂದು ದಂಟನ್ನು ಕಾಯಿಸಿದ ಚಿಮಟದಿಂದ ಚಿವುಟಿದೆ. ಸಮುದ್ರದ ಟೈಗರ್ ಸಿಗಡಿಯ ಹ್ಯಾಚರಿಗಳಲ್ಲಿ ಇದು ದಿನನಿತ್ಯದ ಕೆಲಸ. ವಿಜ್ಞಾನಿ ಪನೂಸ್ 1943ರಲ್ಲಿ ದಂಟು ತೆಗೆದರೆ ಅಂಡಾಶಯ ಬೆಳೆಯುತ್ತದೆ ಎಂದು ತೋರಿಸಿದ್ದು ಸಿಗಡಿಯಲ್ಲೇ. ಆದರೆ ಅಂಡಾಶಯವನ್ನು ತಡೆಯುವ ಹಾರ್ಮೋನಿನ ಜೊತೆಗೆ ಪೊರೆಯನ್ನು ತಡೆಯುವ ಹಾರ್ಮೋನೂ ಅದೇ ದಂಟಿನಲ್ಲಿದೆ. ದಂಟು ಹೋದರೆ ಎರಡು ಕಡಿವಾಣವೂ ಸಡಿಲ. ಟೈಗರ್ ಹೆಣ್ಣು ಗಂಡಿನ ಬೀಜವನ್ನು ಮೊದಲೇ ಚೀಲದಲ್ಲಿ ಇಟ್ಟುಕೊಂಡಿರುತ್ತದೆ, ಆಮೇಲೆ ಅಂಡಾಶಯ ಹಣ್ಣಾದರೆ ಸಾಕು. ಸ್ಕ್ಯಾಂಪಿ ಹಾಗಲ್ಲ. ಅಂಡಾಶಯ ತುಂಬಿದಾಗಲೇ ಪೊರೆ ಬಿಡಬೇಕು, ಆ ಕೆಲವೇ ಗಂಟೆಗಳಲ್ಲಿ ಗಟ್ಟಿ ಚಿಪ್ಪಿನ ಗಂಡು ಸಿಗಬೇಕು. ನನ್ನ 12ರಲ್ಲಿ ಏಳು ಎರಡು ವಾರದೊಳಗೆ ಅವಸರದಲ್ಲಿ ಪೊರೆ ಬಿಟ್ಟವು, ಅಂಡಾಶಯ ಇನ್ನೂ ಅರ್ಧ. ಐದು ಸತ್ತವು. ಎರಡು ತತ್ತಿ ಹೊತ್ತು ಮೂರನೇ ದಿನ ಉದುರಿಸಿದವು. ನನ್ನ ಮಟ್ಟಿಗೆ ಕಣ್ಣಿನ ಕೆಲಸ ಅಲ್ಲಿಗೇ ಮುಗಿಯಿತು. ನೀರಿನ ಶಾಖವೊಂದು ಸರಿಹೋದರೆ ತಾನಾಗಿಯೇ ಕೂಡಿಬರುವ ಎರಡು ಕೆಲಸಗಳನ್ನು ದಂಟು ಕತ್ತರಿಸಿ ನಾವೇ ಬೇರೆ ಬೇರೆ ಮಾಡುತ್ತಿದ್ದೇವೆ.

ಈ ಸಲದ ತೊಟ್ಟಿ 12 ಅಡಿ ಉದ್ದ, 6 ಅಡಿ ಅಗಲ, ನೀರು 2 ಅಡಿ, ಅಂದಾಜು ನಾಲ್ಕು ಸಾವಿರ ಲೀಟರ್. ಮೇಲೆ ಥರ್ಮಾಕೋಲ್ ಮುಚ್ಚಿಗೆ, ಒಳಗೆ 300 ವ್ಯಾಟಿನ ಆರು ಹೀಟರ್. 28 ಡಿಗ್ರಿಗೆ ನಿಲ್ಲಿಸಿದೆ. ಕೃಷಿ ಹೊಂಡದ ಮಳೆನೀರು ಮಾತ್ರ ಬಳಸಿದೆ. ಗದಗ ಕಡೆಯ ಗೆಳೆಯರು ಬೋರಿನ ಸವಳು ನೀರಿನಲ್ಲಿ ಇದೇ ಮಾಡಹೋಗಿ ಪೊರೆ ಬಿಡುವಾಗಲೇ ಪ್ರಾಣಿ ಕಳೆದುಕೊಂಡರು. ಗಡಸು ಹೆಚ್ಚಿರುವ ನೀರು ಬೇಡವೇ ಬೇಡ.

ಹೆಣ್ಣುಗಳನ್ನು ಒಂದೊಂದಾಗಿ ತರಕಾರಿ ಕ್ರೇಟಿನಲ್ಲಿ ಇಟ್ಟೆ, ಒಳಮೈಗೆ ಸೊಳ್ಳೆ ಪರದೆಯಂಥ ಪ್ಲಾಸ್ಟಿಕ್ ಜಾಲರಿ. ನಾಲ್ಕು ಬ್ಲೂ ಕ್ಲಾ (ಉದ್ದ ನೀಲಿ ಕೈಗಳ ಬಲಿತ) ಗಂಡುಗಳಿಗೂ ಬೇರೆ ಬೇರೆ ಕ್ರೇಟು. ನೀರು ಮಾತ್ರ ಎಲ್ಲರಿಗೂ ಒಂದೇ. 20 ಹೆಣ್ಣಿಗೆ ಒಂದೆರಡು ಬ್ಲೂ ಕ್ಲಾ ಸಾಕು ಎನ್ನುವ ಲೆಕ್ಕ ಎಲ್ಲರಿಗೂ ಗೊತ್ತು. ನಾಲ್ಕು ಇಟ್ಟದ್ದು ಗಂಡೂ ಪೊರೆ ಬಿಟ್ಟು ಕೈಕೊಡುತ್ತದೆ ಎಂಬ ಕಾರಣಕ್ಕೆ.

ಮೂರು ದಿನಕ್ಕೊಮ್ಮೆ ಎರಡು ಪರೀಕ್ಷೆ. ಮೊದಲನೆಯದು ಟಾರ್ಚ್ ಹಿಡಿದು ಬೆನ್ನ ಚಿಪ್ಪಿನಡಿಯ ಅಂಡಾಶಯ: ಕಿತ್ತಳೆ ಗಡ್ಡೆ ಕಣ್ಣಿನ ಹಿಂಭಾಗದಿಂದ ಹೊಟ್ಟೆಯ ಮೊದಲ ಖಂಡದವರೆಗೆ ಚಾಚಿರಬೇಕು. ಎರಡನೆಯದು ಬಾಲದ ಬೀಸಣಿಗೆಯ ಅಂಚು: ಕಡಲೆಬೇಳೆಯಷ್ಟು ತುಂಡು ಕತ್ತರಿಸಿ ಶಾಲಾ ಮೈಕ್ರೋಸ್ಕೋಪಿನಲ್ಲಿ 100 ಪಟ್ಟಿನಲ್ಲಿ ನೋಡಬೇಕು. ರೋಮಗಳ ಬುಡಕ್ಕೂ ಒಳಗಿನ ಮಾಂಸಕ್ಕೂ ನಡುವೆ ಗಾಜಿನಂಥ ತಿಳಿ ಪಟ್ಟಿ ಬಿದ್ದಿದ್ದರೆ ಪೊರೆಯ ತಯಾರಿ ಶುರುವಾಗಿದೆ ಎಂದರ್ಥ. ಆ ಪಟ್ಟಿಯೊಳಗೆ ಹೊಸ ರೋಮ ಮಡಚಿ ಕೂತದ್ದು ಕಂಡರೆ ನನ್ನ ನೀರಿನಲ್ಲಿ ನಾಲ್ಕೈದು ದಿನ. ತಿನ್ನುವುದು ಬಿಟ್ಟರೆ ಇಂದೋ ನಾಳೆಯೋ. ಅಂದು ಸಂಜೆಯೇ ಆ ಕ್ರೇಟನ್ನು ಗಂಡಿನ ಕ್ರೇಟಿಗೆ ಒತ್ತಿ ನಿಲ್ಲಿಸಿ, ಪೊರೆ ಬಿಟ್ಟ ಮೇಲೆ ನಡುವಿನ ಜಾಲರಿ ಎತ್ತುತ್ತೇನೆ. ಹೆಚ್ಚಿನವು ರಾತ್ರಿಯೇ ಬಿಡುತ್ತವೆ, ಹಾಗಾಗಿ ಎರಡು ತಾಸಿಗೊಮ್ಮೆ ಕೆಂಪು ಬಲ್ಬಿನಲ್ಲಿ ನೋಡುವ ಆಳು ಬೇಕೇಬೇಕು.

ಗಂಡು ಉದ್ದ ಕೈಗಳ ನಡುವೆ ಹೆಣ್ಣನ್ನು ಕಾಯ್ದು ನಿಲ್ಲುತ್ತದೆ. ಬೆಳಿಗ್ಗೆ ಹೆಣ್ಣನ್ನು ನೀರೊಳಗೇ ಹೊರಳಿಸಿ ನೋಡಿದರೆ ಕಾಲುಗಳ ನಡುವೆ ಬಿಳಿ ಲೋಳೆಯ ಮುದ್ದೆ ಅಂಟಿರುತ್ತದೆ. ಅದು ಕಂಡರೆ ಒಂದು ದಿನದೊಳಗೆ ತತ್ತಿ ಹೊಟ್ಟೆಗಾಲಿಗೆ ಬರುತ್ತದೆ. ಮುದ್ದೆ ಇಲ್ಲದೆ ಬಂದ ತತ್ತಿ ಫಲವಿಲ್ಲದ್ದು, ಎರಡು ಮೂರು ದಿನದಲ್ಲಿ ಉದುರುತ್ತದೆ. ನನ್ನ 14ರಲ್ಲಿ ಉದುರಿದ ಮೂರೂ ಇಂಥವೇ, ಮೂರೂ ಪೊರೆ ಬಿಟ್ಟದ್ದು ಆಳು ನಿದ್ದೆಹೋದ ರಾತ್ರಿಗಳಲ್ಲಿ.

ಎಲ್ಲ ಹೆಣ್ಣುಗಳೂ ಬೇರೆ ಬೇರೆ ದಿನ ಪೊರೆ ಬಿಟ್ಟರೆ ಮರಿಯ ವಯಸ್ಸು ಹೊಂದುವುದಿಲ್ಲ. ನನಗೆ ಏಳು ಹೆಣ್ಣುಗಳು ನಾಲ್ಕು ದಿನದೊಳಗೆ ಬಿಟ್ಟವು. 24ರಿಂದ 28ಕ್ಕೆ ಶಾಖ ಏರಿಸುವ ಕ್ರಮ ಮತ್ತು ನೀರಿನ ಮಟ್ಟ, ಇವೆರಡರ ಜೋಡಣೆ ಅದು. ಗಂಟೆ, ಇಂಚಿನ ಲೆಕ್ಕ ಸದ್ಯಕ್ಕೆ ನನ್ನ ಹತ್ತಿರವೇ ಇರಲಿ. ತಾಯಿ ಸಿಗಡಿಯ ಮೇವಿನ ಪಾಲೂ ಅಷ್ಟೇ. ಗದ್ದೆ ಬಸವನಹುಳುವಿನ ಮಾಂಸ ಅದರಲ್ಲಿದೆ ಎಂದಷ್ಟೇ ಹೇಳುತ್ತೇನೆ.

ಗಂಡಿಗೆ ಹೆಣ್ಣಿನ ವಾಸನೆ ಸಿಗುತ್ತದೆಯೇ ಎಂದು ಒಂದು ಸಣ್ಣ ಪ್ರಯೋಗ ಮಾಡಿದೆ. ಏಡಿಯಲ್ಲಿ ಪೊರೆಗೆ ಬಂದ ಹೆಣ್ಣಿನ ಮೂತ್ರವೇ ಗಂಡನ್ನು ಕೆಣಕುತ್ತದೆ ಎಂದು ವಿಜ್ಞಾನಿ ರಯಾನ್ 1966ರಲ್ಲೇ ತೋರಿಸಿದ್ದ. ಮೂತ್ರ ಹೊರಬರುವುದು ಮೀಸೆಯ ಬುಡದ ರಂಧ್ರದಿಂದ. ಆಗಷ್ಟೇ ಪೊರೆ ಬಿಟ್ಟ ಹೆಣ್ಣು ಒಂದು ಗಂಟೆ ಕೂತಿದ್ದ ಎರಡು ಲೀಟರ್ ನೀರನ್ನು ಆರು ಗಂಡುಗಳ ಬಕೆಟ್ಟಿಗೆ ನಿಧಾನ ಸುರಿದೆ. ನಾಲ್ಕು ಗಂಡುಗಳು ಮೀಸೆ ಬೀಸುತ್ತ ನೀರು ಬಂದ ಕಡೆಗೆ ನಡೆದವು. ಬರೀ ನೀರಿಗೆ ಒಂದೇ ಕದಲಿತು. ಆದರೂ ಸ್ಕ್ಯಾಂಪಿ ಗಂಡು ಕೈಯೆತ್ತಿ ಕಾಯಲು ನಿಲ್ಲುವುದು ಮೀಸೆ ಹೆಣ್ಣಿನ ಮೈಗೆ ತಾಗಿದ ಮೇಲೆಯೇ. ಅದಕ್ಕೇ ಜೋಡಿ ಮಾಡುವ ದಿನ ನೀರು ಬದಲಿಸಬೇಡಿ, ಇದ್ದಿಲು ಫಿಲ್ಟರ್ ಬಂದ್ ಮಾಡಿ, ಮೀಸೆ ಮುರಿದ ಗಂಡನ್ನು ಬಳಸಬೇಡಿ. ಮೀಸೆ ಮುರಿದ ಒಂದು ಗಂಡು ನನ್ನಲ್ಲಿ ಎರಡು ಹೆಣ್ಣುಗಳನ್ನು ಹರಿದು ಹಾಕಿತು.

ಗಂಡು ಮರಿ ಮಾತ್ರ ತೆಗೆಯುವ ಹುಚ್ಚೂ ಹಿಡಿದಿತ್ತು. ಇಸ್ರೇಲಿನ ವಿಜ್ಞಾನಿ ಅಮೀರ್ ಸಾಗಿ ತಂಡದ ದಾರಿ ಇದು: ಎಳೆಯ ಗಂಡಿನ ಐದನೇ ಕಾಲಿನ ಬುಡದ ಆಂಡ್ರೋಜೆನಿಕ್ ಗ್ರಂಥಿ (ಗಂಡುತನ ತರುವ ಗ್ರಂಥಿ) ತೆಗೆದು ಹೆಣ್ಣಾಗಿಸಿ, ಅದಕ್ಕೆ ಗಂಡು ಕೂಡಿಸಿದರೆ ಸಂತಾನವೆಲ್ಲ ಗಂಡು. 30 ಮರಿಗಳ ಮೇಲೆ ಸೂಜಿ ಆಡಿಸಿದೆ, ಎರಡು ಬದುಕಿದವು, ಎರಡೂ ಗಂಡಾಗಿಯೇ ಬೆಳೆದವು. ಗ್ರಂಥಿ ತೆಗೆಯುವಾಗ ಮರಿ ತೀರಾ ದೊಡ್ಡದಾಗಿತ್ತು.

ತತ್ತಿ ಕಿತ್ತಳೆಯಿಂದ ಬೂದುಬಣ್ಣಕ್ಕೆ ತಿರುಗಿ ಕಪ್ಪು ಕಣ್ಣು ಕಾಣುವುದಕ್ಕೆ 28 ಡಿಗ್ರಿಯಲ್ಲಿ 19–20 ದಿನ ಹಿಡಿಯಿತು. ತತ್ತಿ ಬೂದುಬಣ್ಣವಾದೊಡನೆ ತಾಯಿಯನ್ನು 6 ಪಿಪಿಟಿ (ಸಾವಿರ ಪಾಲಿಗೆ 6 ಪಾಲು ಉಪ್ಪು) ನೀರಿಗೆ, ಒಡೆದ ಮೇಲೆ ಮರಿಯನ್ನು 12ಕ್ಕೆ. ಮರಿಗೆ ಉಪ್ಪುನೀರು ಬೇಕೆಂದು ವಿಜ್ಞಾನಿ ಲಿಂಗ್ 1960ರ ದಶಕದ ಆರಂಭದಲ್ಲಿ ಮಲೇಶಿಯಾದಲ್ಲಿ ಕಂಡುಕೊಂಡ ಮೇಲೆಯೇ ಈ ಕಸುಬು ಹುಟ್ಟಿದ್ದು.

ಅಡಿಗೆ ಉಪ್ಪು ಕರಗಿಸಿ ಹಣ ಉಳಿಸಬೇಡಿ. ಎರಡನೇ ವರ್ಷ ಬೇರೆಯವರಿಂದ ತಂದ ಒಂದು ಲಕ್ಷ ಎಳೆಮರಿ ಅದರಲ್ಲಿ ನಾಲ್ಕನೇ ದಿನಕ್ಕೆ ತಳ ಸೇರಿತು. ಬರೀ ಸೋಡಿಯಂ ಕ್ಲೋರೈಡಿನಲ್ಲಿ ಕ್ಯಾಲ್ಸಿಯಂ, ಮೆಗ್ನೀಸಿಯಂ, ಪೊಟ್ಯಾಸಿಯಂ ಎಲ್ಲಿಂದ ಬರಬೇಕು? ಈಗ ಗೋಕರ್ಣದ ಹತ್ತಿರದ ಸಾಣಿಕಟ್ಟಾ ಉಪ್ಪಿನ ಗದ್ದೆಯ ಕಡೆಯಿಂದ ಗಟ್ಟಿ ಉಪ್ಪುನೀರನ್ನೇ 200 ಲೀಟರಿನ ಆರು ಬ್ಯಾರೆಲ್‌ಗಳಲ್ಲಿ ತುಂಬಿ, ದೇವಿಮನೆ ಘಟ್ಟ ಹತ್ತಿಸಿ, ಸಿರ್ಸಿ ಮೇಲೆ ತರುತ್ತೇನೆ. 120 ಪಿಪಿಟಿಯ ಒಂದು ಬ್ಯಾರೆಲ್‌ಗೆ ಮಳೆನೀರು ಬೆರೆಸಿದರೆ 12 ಪಿಪಿಟಿಯ ಎರಡು ಸಾವಿರ ಲೀಟರ್. ಉಪ್ಪು ಕೂರಲು ಶುರುವಾದ ಮಡಿಯ ನೀರು ಬೇಡ, ಅಷ್ಟು ಹೊತ್ತಿಗೆ ಕ್ಯಾಲ್ಸಿಯಂ ಜಿಪ್ಸಮ್ ಆಗಿ ತಳಕ್ಕೆ ಇಳಿದಿರುತ್ತದೆ. ಉಪ್ಪಿನಂಶ ಅಳೆಯುವ ರಿಫ್ರ್ಯಾಕ್ಟೋಮೀಟರ್ ಜೊತೆಗೇ ಒಯ್ಯಿರಿ.

ಎರಡು ಸಾವಿರ ಲೀಟರಿನ ಎರಡು ತೊಟ್ಟಿಗೆ ಎರಡು ಲಕ್ಷ ಮರಿ ಬಿಟ್ಟೆ. ಎರಡನೇ ದಿನದಿಂದ ಆರ್ಟೀಮಿಯಾ (ಮೇವಿಗೆ ಬಳಸುವ ಉಪ್ಪುನೀರಿನ ಸಣ್ಣ ಜೀವಿ), ಹತ್ತನೇ ದಿನದಿಂದ ಕೋಳಿತತ್ತಿ–ಮೀನಿನ ಕಸ್ಟರ್ಡ್ ಜರಡಿಯಲ್ಲಿ ಉಜ್ಜಿ ಕೊಟ್ಟೆ. ಬಾಲ ಮುಂದಾಗಿ ತಲೆಕೆಳಗೆ ಈಜುತ್ತಿದ್ದವು 26ನೇ ದಿನದಿಂದ ಗೋಡೆ ಹಿಡಿದು ನೆಟ್ಟಗೆ ನಡೆಯತೊಡಗಿದವು. 33ನೇ ದಿನಕ್ಕೆ ಮುಗಿಯಿತು. ಪಿ.ಎಲ್. ಸುಮಾರು 70 ಸಾವಿರ, ಅಂದರೆ ನೂರಕ್ಕೆ 35. ಕರಾವಳಿಯವರಿಗೆ ಇದು ಕಡಿಮೆ ಎನಿಸಬಹುದು. ಹಾನಗಲ್ಲಿನಲ್ಲಿ ನನಗೆ ಇದು ದೊಡ್ಡದೇ.

ಖರ್ಚು ನೆನಪಿನಿಂದ: ಉಪ್ಪುನೀರು ಸಾಗಣೆ 11 ಸಾವಿರ, ಆರ್ಟೀಮಿಯಾ ನಾಲ್ಕು ಡಬ್ಬಿ 18 ಸಾವಿರ, ಕರೆಂಟ್ ಮತ್ತು ಜನರೇಟರ್ ಡೀಸೆಲ್ 24 ಸಾವಿರ, ರಾತ್ರಿ ಆಳಿನ ಪಗಾರ 20 ಸಾವಿರ, ನರ್ಸರಿ ಮೇವು 22 ಸಾವಿರ. ಒಟ್ಟು 95 ಸಾವಿರದ ಹತ್ತಿರ, ತೊಟ್ಟಿ ಕಟ್ಟಿಸಿದ್ದು ಬಿಟ್ಟು. ಮೇ ಕೊನೆಗೆ 40 ಸಾವಿರ ಮರಿ ಉಳಿದವು, ನಾಲ್ಕು ರೂಪಾಯಿಯಂತೆ 1.6 ಲಕ್ಷ. ಮೊದಲ ಎರಡು ವರ್ಷದ 90 ಸಾವಿರ ಇನ್ನೂ ಪೂರ್ತಿ ಹುಟ್ಟಿಲ್ಲ.

ಮರಿ ತೆಗೆದ ಮೇಲೆ ಉಳಿದ 12 ಪಿಪಿಟಿ ನೀರನ್ನು ಹೊಲಕ್ಕೆ ಬಿಡಬೇಡಿ, ಎರಿಮಣ್ಣು ಕೆಡುತ್ತದೆ. ನಾನು ಕಪ್ಪು ಹಾಳೆ ಹಾಸಿದ ಗುಂಡಿಯಲ್ಲಿ ನಿಲ್ಲಿಸಿದ್ದೇನೆ. ಬೇಸಿಗೆಯ ಬಿಸಿಲಿಗೆ ಅದು 30 ಪಿಪಿಟಿ ದಾಟಿದೆ. ಬ್ಯಾರೆಲ್‌ಗೆ ತುಂಬಿ ಮುಚ್ಚಿಟ್ಟರೆ ಬರುವ ಡಿಸೆಂಬರಿಗೆ ಘಟ್ಟದಿಂದ ಆರರ ಬದಲು ನಾಲ್ಕೇ ಬ್ಯಾರೆಲ್ ಸಾಕು.